ಹನ್ನೆರಡನೆಯ ದರವಾಜ

ಹುಮನಾಬಾದಿನ ಬಸ್ ಸ್ಟ್ಯಾಂಡಿನ ಹಿಂದಿನ ಗಲ್ಲಿಯಲ್ಲಿ ದನದ ಹಿಂಡಿ, ಬೂಸಾ ಮಾರುವ ಕಲ್ಲಿನಾಥ ಹದಿನೈದು ದಿನಗಳಿಂದ ಗಿರಾಕಿಗಳ ಬೈಗುಳ ತಿನ್ನುತ್ತಿದ್ದ. ಶೇಂಗಾ ಹಿಂಡಿ ಕೇಳಿದವರಿಗೆ ಹತ್ತಿಕಾಳಿನ ಹಿಂಡಿ ಕೊಟ್ಟು ಕಳಿಸುತ್ತಿದ್ದ. ಚೀಲ ಗಾಡಿಗೆ ಹೊರಿಸುವುದನ್ನು ಬಿಟ್ಟು ಮೊಬೈಲಿನೊಳಗೆ ಮುಖ ಹುಗಿದು ಕೂತಿರುತ್ತಿದ್ದ. ಮೂವತ್ತಮೂರು ವರ್ಷದ ಮೀಸೆ ಹೊತ್ತ ಗಂಡಸು ಮಟಮಟ ಮಧ್ಯಾಹ್ನ ಗೇಮ್ ಆಡುತ್ತ ಕೂತರೆ ಜನ ಬೈಯದೆ ಆರತಿ ಎತ್ತುತ್ತಾರೆಯೇ? ಆದರೆ ಅವನು ಖುಷಿಗಾಗಿ ಆಡುತ್ತಿರಲಿಲ್ಲ. ಆ ಆಟದ ಪೀಂ ಪೀಂ ಸದ್ದು ಶುರುವಾದರೆ ಸಾಕು, ಅವನಿಗೆ ಹಳೆಯದೊಂದು ತಪ್ಪು ನೆನಪಾಗುತ್ತಿತ್ತು.

ಇದಕ್ಕೆಲ್ಲ ಮೂಲ ಪಕ್ಕದ ಅಂಗಡಿಯ ಅಜೀಮುದ್ದೀನ್. ಮೊಬೈಲ್ ರಿಪೇರಿ ಅವನ ಕಸುಬು. ಕೈಯಲ್ಲಿ ಕೆಲಸವಿಲ್ಲದಾಗ ಹಳೇ ಕಾಲದ ವಿಡಿಯೋ ಗೇಮುಗಳನ್ನು ಆಡುತ್ತ ಕೂರುವುದು ಅವನ ಚಟ. ಒಂದು ದಿನ ಚಾರ್ಜರ್ ಕೇಳಲು ಹೋದ ಕಲ್ಲಿನಾಥ ಅವನ ಕೈಯಲ್ಲಿನ ಪರದೆ ನೋಡಿ ಬಾಗಿಲಲ್ಲೇ ನಿಂತುಬಿಟ್ಟ.

“ಇದು ಟಿವಿಗೆ ಹಚ್ಚಿ ಆಡೋ ಗೇಮ್ ಅಲ್ಲೇನು? ಕ್ಯಾಸೆಟ್ ಹಾಕಿ?”

“ಅದೇ ಭಾಯಿ. ಎಮ್ಯುಲೇಟರ್ ಅಂತ ಒಂದು ಆ್ಯಪ್ ಅದ. ಗೇಮಿನ ಫೈಲ್ ಅದರಾಗ ಹಾಕಿದ್ರ ಮೊಬೈಲೇ ಆ ಹಳೇ ಡಬ್ಬಿ ಆಗ್ತದ. ನಿನಗ ಯಾವುದು ಬೇಕು, ಹೆಸರು ಹೇಳು.”

ಹೆಸರು ಯಾರಿಗೆ ಗೊತ್ತು? ಕಲ್ಲಿನಾಥ ಹುಡುಗನಿದ್ದಾಗ ಮನೆಗೆ ಬಂದ ಆ ಕ್ಯಾಸೆಟ್ಟಿನ ಚೀಟಿ ಆಗಲೇ ಅರ್ಧ ಹರಿದಿತ್ತು. ಕೈಯಲ್ಲಿ ಪಂಜು ಹಿಡಿದ ಒಬ್ಬ ಪುಟ್ಟ ಸಿಪಾಯಿ ಒಂದು ಕೋಟೆಯ ಹನ್ನೆರಡು ಬಾಗಿಲು ದಾಟಬೇಕು. ಅವನ ಊರಾದ ಮೋರಖಂಡಿಯ ಹುಡುಗರು ಅದನ್ನು ‘ಕಿಲ್ಲಾ’ ಎಂದು ಕರೆಯುತ್ತಿದ್ದರು, ಬಾಗಿಲುಗಳಿಗೆ ‘ದರವಾಜ’ ಎನ್ನುತ್ತಿದ್ದರು. ಅಜೀಮುದ್ದೀನ್ ನಾಲ್ಕು ದಿನ ಫೈಲಿನ ಮೇಲೆ ಫೈಲು ಹಾಕಿ ನೋಡಿದ. ಒಂದು ತೆರೆಯಲೇ ಇಲ್ಲ, ಇನ್ನೊಂದು ತೆರೆದು ಬರೀ ಬಣ್ಣದ ಪಟ್ಟಿ ತೋರಿಸಿತು, ಮತ್ತೊಂದರಲ್ಲಿ ಸಿಪಾಯಿಯ ಬದಲು ಕಪ್ಪೆ ಬಂತು. ಐದನೆಯ ದಿನ ಪಂಜಿನ ಸಿಪಾಯಿ ಬಂದ. ಕಲ್ಲಿನಾಥನ ಕಣ್ಣಲ್ಲಿ ನೀರು ಬಂತು.

“ಅರೇ, ಗೇಮ್ ನೋಡಿ ಅಳ್ತಿಯೇನೋ! ಇದರಾಗ ಒಂದು ಆರಾಮ ಅದ ನೋಡು. ಎಲ್ಲಿ ಬೇಕಲ್ಲಿ ಸೇವ್ ಮಾಡಬಹುದು. ಸತ್ರ ಮತ್ತ ಅಲ್ಲಿಂದನೇ ಶುರು. ಮೊದಲಿನಾಂಗ ಕರೆಂಟ್ ಹೋತು, ಆಟ ಮುಳುಗಿತು ಅನ್ನೋ ರಗಳೆನೇ ಇಲ್ಲ.”

ಅಜೀಮುದ್ದೀನ್ ಏನೂ ಅರಿಯದೆ ಆಡಿದ ಮಾತು ಅದು. ಆದರೆ ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ, ಕಲ್ಲಿನಾಥನ ಮುಖ ಕಪ್ಪಿಟ್ಟಿತು.

ಇಪ್ಪತ್ತೊಂದು ವರ್ಷದ ಹಿಂದಿನ ಮಾತು. ಕಲ್ಲಿನಾಥನಿಗೆ ಆಗ ಹನ್ನೆರಡು, ಅವನ ಅಕ್ಕ ಅಮೃತಾಗೆ ಹದಿನಾರು. ಮೋರಖಂಡಿಯಲ್ಲಿ ಅವರದು ಆಡು ಕಾಯುವ ಮನೆತನ. ಒಬ್ಬನೇ ಮಗ ಹಟ ಹಿಡಿದು ಎರಡು ಹೊತ್ತು ಊಟ ಬಿಟ್ಟನೆಂದು ಅಪ್ಪ ಮುದ್ದಿನಿಂದ ಸಾಕಿದ ಹೋತವನ್ನು ಮಾರಿ ಬಸವಕಲ್ಯಾಣದ ಪೇಟೆಯಿಂದ ವಿಡಿಯೋ ಗೇಮ್ ತಂದ. ತಂದದ್ದು ಮಗನಿಗೆ, ಆಟ ಕೈಗೂಡಿದ್ದು ಮಗಳಿಗೆ. ಕಲ್ಲಿನಾಥ ನಾಲ್ಕನೆಯ ದರವಾಜದ ಹಾವಿಗೆ ನೂರು ಸಲ ಬಲಿಯಾದ. ಅಮೃತಾ ಎರಡೇ ವಾರದಲ್ಲಿ ಒಂಬತ್ತು ದಾಟಿದಳು. ಓಣಿಯ ಹುಡುಗರು ಕಿಟಕಿಗೆ ಜೋತುಬಿದ್ದು ಅವಳ ಆಟ ನೋಡುತ್ತಿದ್ದರು. ಪಕ್ಕದ ಮನೆಯ ಪಂಡರಿಯಂತೂ ಎಲ್ಲರೆದುರಿಗೆ, “ಗೇಮ್ ನಿಂದು, ಆಡಾಕಿ ನಿಮ್ಮಕ್ಕ, ನೀ ಬರೇ ವೈರ್ ಹಚ್ಚಾಂವ” ಎಂದುಬಿಟ್ಟ. ಹುಡುಗನ ಹೊಟ್ಟೆಕಿಚ್ಚಿಗೆ ಅಷ್ಟು ತುಪ್ಪ ಸಾಕಾಯಿತು.

ಆ ಡಬ್ಬಿಯಲ್ಲಿ ಸೇವ್ ಎಂಬುದಿರಲಿಲ್ಲ. ಆಡು ಮೇಯಿಸಲು ಹೋಗುವ ಹೊತ್ತಾದರೆ ಅಮೃತಾ ಆಟವನ್ನು ಪಾಜ್ ಮಾಡಿ, ಟಿವಿ ಆರಿಸಿ, ಡಬ್ಬಿಯನ್ನು ಮಾತ್ರ ಚಾಲೂ ಇಟ್ಟು ಜೋಳದ ಕಣಜದ ಹಿಂದೆ ಸರಿಸಿ ಹೋಗುತ್ತಿದ್ದಳು. ಡಬ್ಬಿಯ ಮೂಲೆಯಲ್ಲೊಂದು ಕೆಂಪು ದೀಪ ಉರಿಯುತ್ತಿತ್ತು. ಹತ್ತನೆಯ ಕ್ಲಾಸಿನ ರಿಜಲ್ಟ್ ಬಂದು ಅವಳು ಫಸ್ಟ್ ಕ್ಲಾಸಿನಲ್ಲಿ ಪಾಸಾದ ವಾರವದು. ಬೆಳಿಗ್ಗೆಯೇ ಆಡಲು ಕೂತವಳು ಹನ್ನೆರಡನೆಯ ದರವಾಜದ ಮುಂದೆ ಬಂದು ನಿಂತಿದ್ದಳು. ಅಷ್ಟರಲ್ಲಿ ಆಡು ಹೊಡೆದುಕೊಂಡು ಹೋಗಲು ಅವ್ವ ಕೂಗಿದಳು. ಅಮೃತಾ ಜೋಳದ ಬುಟ್ಟಿಯನ್ನು ತಲೆಯ ಮೇಲಿಟ್ಟುಕೊಂಡಳು, ಹೋಗುವಾಗ ಗಿರಣಿಯಲ್ಲಿ ಇಟ್ಟು ಬರುವಾಗ ಹಿಟ್ಟು ತರುವುದಿತ್ತು.

“ಕಲ್ಲ್ಯಾ, ನೋಡ್ಕೋ. ಕೆಂಪು ದೀಪ ಆರಬಾರದು. ಬಂದು ನಿನಗ ಒಂದು ಮಾತು ಹೇಳೋದದ.”

“ಹೂಂ ಅಕ್ಕಾ” ಎಂದಿದ್ದ ಅವನು.

ಇಳಿಹೊತ್ತಿನತನಕ ನೋಡಿಕೊಂಡ ಕೂಡ. ಆಮೇಲೆ ಪಂಡರಿಯ ಮಾತು ನೆನಪಾಯಿತು. ಪ್ಲಗ್ಗನ್ನು ಹಿಡಿದು ಎಳೆದೇಬಿಟ್ಟ. ದೀಪ ಆರಿತು. ಎಳೆದ ಮರುಗಳಿಗೆಯೇ ಅವನಿಗೆ ಭಯವಾಯಿತು, ಮತ್ತೆ ಸಿಕ್ಕಿಸಿದ, ಆಟ ಮೊದಲ ದರವಾಜಕ್ಕೆ ಹೋಗಿ ಕೂತಿತ್ತು. ಅಕ್ಕ ಹಿಟ್ಟಿನ ಬುಟ್ಟಿ ಹೊತ್ತು ಬಂದಾಗ ಅವನೇ ಮುಂದಾಗಿ ಹೇಳಿದ: “ಅಕ್ಕಾ, ಕರೆಂಟ್ ಹೋಗಿತ್ತು. ನಾಲ್ಕಕ್ಕ ಹೋಗಿದ್ದು ಈಗ ಬಂತು ನೋಡು.” ಅವಳು ಬುಟ್ಟಿ ಇಳಿಸದೆ ಸ್ವಲ್ಪ ಹೊತ್ತು ಹಾಗೆಯೇ ನಿಂತಳು. ಅವನ ಮುಖ ನೋಡಿದಳು. “ಹೌದಾ” ಎಂದು ಒಳಗೆ ಹೋದಳು. ಆಗಾಗ ಕರೆಂಟು ಹೋಗುವ ಊರಿನಲ್ಲಿ ಆ ಸುಳ್ಳಿಗಿಂತ ಗಟ್ಟಿಯಾದ ಸುಳ್ಳು ಇನ್ನೊಂದಿರಲಿಲ್ಲ.

ಮರುದಿನ ಮನೆಯಲ್ಲಿ ಬೂಂದಿ ಹಂಚಿದರು. ಕೊಹಿನೂರು ಎಂಬ ಊರಿನಿಂದ ಬಂದಿದ್ದ ಮದುವೆಯ ಸಂಬಂಧಕ್ಕೆ ಅಮೃತಾ ಹೂಂ ಅಂದಿದ್ದಳು. ಕಲ್ಲಿನಾಥ ಮೂರು ಸಲ ಬೂಂದಿ ಈಸಿಕೊಂಡು ತಿಂದ. ಅವಳು ಮತ್ತೆಂದೂ ಆ ಡಬ್ಬಿ ಮುಟ್ಟಲಿಲ್ಲ. ಕಾಲೇಜಿಗೆ ಹೋದವನು ಅವನು. ಎರಡು ಸಲ ಫೇಲಾಗಿ ಹಿಂಡಿಯ ಅಂಗಡಿ ಸೇರಿದವನೂ ಅವನೇ.

ಈಗ ಅವನ ಲೆಕ್ಕಾಚಾರ ಹೀಗಿತ್ತು: ತಾನೇ ಆಡಿ ಹನ್ನೆರಡನೆಯ ದರವಾಜದವರೆಗೆ ಹೋಗಿ ಸೇವ್ ಮಾಡಬೇಕು. ಮೊಬೈಲನ್ನು ಅಕ್ಕನ ಕೈಗಿಟ್ಟು, ತಗೋ, ನೀನು ಬಿಟ್ಟ ಜಾಗ, ಎನ್ನಬೇಕು. ನಿಜ ಒಪ್ಪಿಕೊಳ್ಳಬೇಕು. ಅಕ್ಕ ನಗುತ್ತಾಳೆ, ತಲೆಗೊಂದು ಮೊಟಕುತ್ತಾಳೆ, ಅಲ್ಲಿಗೆ ಮುಗಿಯಿತು. ಅಟ್ಟ ಮೇಲೆ ಒಲೆ ಉರಿಯಿತು, ಕೆಟ್ಟ ಮೇಲೆ ಬುದ್ಧಿ ಬಂತು ಎನ್ನುತ್ತಾರಲ್ಲ, ಈ ಮಹಾರಾಯನಿಗೆ ಬಂದ ಬುದ್ಧಿಯೂ ಅರ್ಧವೇ. ಒಂದೊಂದು ಜಿಗಿತಕ್ಕೆ ಒಂದೊಂದು ಸೇವ್ ಮಾಡುತ್ತ, ಬಿದ್ದರೆ ಹಿಂದಕ್ಕೆ ಹೋಗುತ್ತ, ಗಿರಾಕಿಗಳ ಬೈಗುಳ ನುಂಗುತ್ತ ಹದಿನೈದು ದಿನಕ್ಕೆ ಹನ್ನೆರಡನೆಯ ದರವಾಜ ತಲುಪಿದ. ಶನಿವಾರ ಮಧ್ಯಾಹ್ನ ಅಂಗಡಿ ಮುಚ್ಚಿ, ಬಸವಕಲ್ಯಾಣದಲ್ಲಿ ಬಸ್ಸು ಬದಲಿಸಿ ಕೊಹಿನೂರಿಗೆ ಹೋದ.

ಅಮೃತಾ ಅಂಗಳದಲ್ಲಿ ಆಡಿನ ಮರಿಗೆ ಸೊಪ್ಪು ಕಟ್ಟುತ್ತಿದ್ದಳು. ಅವಳ ಗಂಡ ಹೊಲಕ್ಕೆ ಹೋಗಿದ್ದ. ಮಗಳು ಶೀತಲ ಬಸವಕಲ್ಯಾಣದ ಕಾಲೇಜಿನಿಂದ ಇನ್ನೂ ಬಂದಿರಲಿಲ್ಲ. ಆ ಮಗಳನ್ನು ಕಾಲೇಜಿಗೆ ಹಾಕಲು ಮನೆಯವರು ಹಿಂದೆಮುಂದೆ ನೋಡಿದಾಗ ಅಮೃತಾ ಎರಡು ದಿನ ಒಲೆ ಹಚ್ಚಿರಲಿಲ್ಲ ಎಂಬುದು ಬೀಗರಲ್ಲೆಲ್ಲ ಗೊತ್ತಿದ್ದ ಸುದ್ದಿ. ಕಟ್ಟೆಯ ಮೇಲೆ ಅವಳ ಅತ್ತೆ ಧೂಳಮ್ಮ ಹತ್ತಿಯ ಬತ್ತಿ ಹೊಸೆಯುತ್ತ ಕೂತಿದ್ದಳು.

ನೀರು, ಚಹಾ ಆಯಿತು. ಕಲ್ಲಿನಾಥ ಮೊಬೈಲ್ ತೆಗೆದು ಮುಂದೆ ಹಿಡಿದ. ಪೀಂ ಪೀಂ ಎಂದಿತು. ಸೆರಗಿಗೆ ಒರೆಸಿಕೊಳ್ಳುತ್ತಿದ್ದ ಅಮೃತಾಳ ಕೈ ಅಲ್ಲೇ ನಿಂತಿತು.

“ಕಿಲ್ಲಾ!” ಎಂದಳು. ಮೂವತ್ತೇಳರ ಮುಖದಲ್ಲಿ ಹದಿನಾರರ ಹುಡುಗಿ ಬಂದು ಹೋದಳು.

“ಹನ್ನೆರಡನೇ ದರವಾಜ ಅಕ್ಕಾ. ನೀ ಬಿಟ್ಟ ಜಾಗ. ಇಲ್ಲಿಂದ ಆಡು.”

ಅವಳು ಮೊಬೈಲನ್ನು ತಿರುಗಿಸಿ ನೋಡಿದಳು. “ಇಲ್ಲಿಗೆ ಯಾರು ಬಂದಾರ?”

“ನಾನೇ. ಹದಿನೈದು ದಿನ ಆತು.”

“ಹಂಗಾದ್ರ ಇದು ನೀ ಬಂದ ಜಾಗ. ನಾ ಬಂದದ್ದಲ್ಲ. ಮೊದಲಿನಿಂದ ಹಚ್ಚು.”

ಹದಿನೈದು ದಿನದ ಬೈಗುಳ ನೀರಿಗೆ ಹೋಯಿತು. ಅವನು ಮೊದಲಿನಿಂದ ಹಚ್ಚಿಕೊಟ್ಟ. ಗಾಜಿನ ಮೇಲಿನ ಗುಂಡಿಗಳು ಅವಳ ಒರಟು ಹೆಬ್ಬೆರಳಿಗೆ ಮೊದಲು ಮಾತು ಕೇಳಲಿಲ್ಲ. ಸಿಪಾಯಿ ಎರಡು ಸಲ ಕಂದಕಕ್ಕೆ ಬಿದ್ದ. ಧೂಳಮ್ಮ ಕಟ್ಟೆಯಿಂದಲೇ, “ಮಗಳ ಮದಿವಿ ಮಾಡೋ ವಯಸ್ಸಿನಾಗ ಆಟ ಆಡಾಕತ್ತಾಳ ನೋಡು ನಮ್ಮ ಸೊಸಿ” ಎಂದು ಚುಚ್ಚಿದಳು. ಅಮೃತಾ ಕಿವಿಗೆ ಹಾಕಿಕೊಳ್ಳಲಿಲ್ಲ. ಮೂರನೆಯ ಸಲ ಬೆರಳು ದಾರಿ ಕಂಡುಕೊಂಡಿತು. ಮೊದಲ ದರವಾಜ ಬಿತ್ತು, ಎರಡನೆಯದು ಬಿತ್ತು.

ಈಗ ಹೇಳದಿದ್ದರೆ ಇನ್ನೆಂದೂ ಹೇಳುವುದಿಲ್ಲ ಎನಿಸಿತು ಕಲ್ಲಿನಾಥನಿಗೆ.

“ಅಕ್ಕಾ, ಅವತ್ತ ಕರೆಂಟ್ ಹೋಗಿರಲಿಲ್ಲ. ನಾನೇ ಪ್ಲಗ್ ಎಳೆದೆ.”

“ಗೊತ್ತದ” ಎಂದಳು, ಪರದೆಯಿಂದ ಕಣ್ಣು ಎತ್ತದೆ.

“ಗೊತ್ತದ? ಹ್ಯಾಂಗ?”

“ನಾಲ್ಕರಿಂದ ನಾ ಗಿರಣ್ಯಾಗೇ ಪಾಳಿ ಹಚ್ಚಿ ನಿಂತಿದ್ದೆ. ಕರೆಂಟಿನ ಗಿರಣಿ ಅದು, ಒಂದು ಗಳಿಗಿನೂ ನಿಂದ್ರಲಿಲ್ಲ. ನೀ ಕರೆಂಟ್ ಹೋಗಿತ್ತು ಅಂದಾಗ ತಲಿ ಮ್ಯಾಲ ಹಿಟ್ಟು ಇನ್ನಾ ಬಿಸಿ ಇತ್ತು.”

ಕಲ್ಲಿನಾಥನಿಗೆ ಅವತ್ತು ಬುಟ್ಟಿ ಇಳಿಸದೆ ನಿಂತ ಅಕ್ಕ ಕಣ್ಣ ಮುಂದೆ ಬಂದಳು. ಇಷ್ಟು ವರ್ಷ ಅವಳು ಆಟ ಹೋದ ದುಃಖಕ್ಕೆ ನಿಂತಿದ್ದಳೆಂದೇ ತಿಳಿದಿದ್ದ.

“ಬೈಬೇಕಿತ್ತಲ್ಲ ಅಕ್ಕಾ. ಒಂದು ಏಟು ಹಾಕಬೇಕಿತ್ತು.”

“ಬೈಯ್ಯಾಕ ಅದು ಬರೇ ಆಟದ ಮಾತಾಗಿತ್ತೇನು?” ಅವಳ ಬೆರಳು ಆಡುತ್ತಲೇ ಇತ್ತು. “ಅವತ್ತ ರಾತ್ರಿ ಅಪ್ಪಗ ನಾ ಉತ್ತರ ಕೊಡೋದಿತ್ತು. ಕೊಹಿನೂರಿನವರು ಬಂದು ಹೋಗಿದ್ರು. ನಾ ಕಲೀಬೇಕು ಅಂದ್ರ ಅಪ್ಪ ಕೇಳ್ತಿರಲಿಲ್ಲ. ನೀ ಅಂದ್ರ ಕೇಳ್ತಿದ್ದ. ನಿನ್ನ ಹಟಕ್ಕ ಮುದ್ದಿನ ಹೋತ ಮಾರಿದಾಂವ, ಅಕ್ಕನ್ನ ಕಾಲೇಜಿಗಿ ಕಳಸು ಅಂತ ನೀ ಅತ್ರ ಇಲ್ಲ ಅಂತಿದ್ದನೇನು? ನಿನ್ನ ಮುಂದ ಮಾಡ್ಕೊಂಡು ಹೋಗಬೇಕಂತ ಮಾಡಿದ್ದೆ. ಒಂದು ಮಾತು ಹೇಳೋದದ ಅಂದಿದ್ದೆ, ನೆನಪದ?”

ನೆನಪಿತ್ತು. ಆ ಮಾತು ಏನೆಂದು ಅವನು ಇಪ್ಪತ್ತೊಂದು ವರ್ಷದಲ್ಲಿ ಒಮ್ಮೆಯೂ ಕೇಳಿರಲಿಲ್ಲ.

“ಕೇಳಬೇಕಿತ್ತಲ್ಲ ಅಕ್ಕಾ ನನಗ. ನಾ ಅಪ್ಪಗ ಹೇಳ್ತಿದ್ದೆ. ಖರೇ ಹೇಳ್ತಿದ್ದೆ.”

ಅಮೃತಾ ಆಟ ನಿಲ್ಲಿಸಿ ಮೊದಲ ಸಲ ಅವನ ಮುಖ ನೋಡಿದಳು. ಅವಳ ಕಣ್ಣಲ್ಲಿ ಸಿಟ್ಟಿರಲಿಲ್ಲ. ಇದ್ದಿದ್ದರೆ ಅವನಿಗೆ ಎಷ್ಟೋ ಹಗುರಾಗುತ್ತಿತ್ತು.

“ಹ್ಯಾಂಗ ಕೇಳ್ಲೋ? ಒಂದು ದೀಪ ನೋಡ್ಕೋ ಅಂದಿದ್ದೆ, ಅದನ್ನೇ ಆರಿಸಿದಿ. ಈ ಮನ್ಯಾಗ ನನ್ನ ಕಡಿ ಯಾರೂ ಇಲ್ಲ ಅಂತ ತಿಳೀತು. ಹೂಂ ಅಂದೆ.”

ಅಂಗಳದಲ್ಲಿ ಆಡಿನ ಮರಿ ಅರಚಿತು. ಕಲ್ಲಿನಾಥನಿಗೆ ಬೂಂದಿಯ ರುಚಿ ನೆನಪಾಯಿತು, ಮೂರು ಸಲ ಈಸಿಕೊಂಡು ತಿಂದದ್ದು. ಹನ್ನೆರಡು ವರ್ಷದ ಹುಡುಗನಿಗೆ ಏನು ತಿಳಿಯುತ್ತದೆ ಎಂದು ಯಾರಾದರೂ ಅನ್ನಬಹುದು. ಅವನು ತನಗೆ ತಾನೇ ಹಾಗೆ ಅಂದು ನೋಡಿದ. ಒಪ್ಪಿಗೆಯಾಗಲಿಲ್ಲ.

“ಅಮೃತಾ, ಎಮ್ಮಿ ಒದರಾಕತ್ತದ” ಎಂದು ಧೂಳಮ್ಮ ಕೂಗಿದಳು.

ಅಮೃತಾ ಪಾಜ್ ಒತ್ತಿದಳು. ಸಿಪಾಯಿ ನಾಲ್ಕನೆಯ ದರವಾಜದ ಮುಂದೆ ಪಂಜು ಎತ್ತಿ ನಿಂತ. ಮೊಬೈಲನ್ನು ತಮ್ಮನ ಅಂಗೈಯಲ್ಲಿಟ್ಟಳು.

“ಎಮ್ಮಿ ಹಿಂಡಿ ಬರ್ತೇನಿ. ನೋಡ್ಕೋ.”

ಅವನು ಮೊಬೈಲನ್ನು ಎರಡೂ ಕೈಯಲ್ಲಿ ಹಿಡಿದು ಕೂತ. ಅರ್ಧ ನಿಮಿಷಕ್ಕೊಮ್ಮೆ ಪರದೆ ಮಂಕಾಗುತ್ತಿತ್ತು, ಅವನು ಬೆರಳಿನಿಂದ ಮುಟ್ಟುತ್ತಿದ್ದ. ಬ್ಯಾಟರಿ ಇಳಿದಾಗ ಚಾರ್ಜರ್ ಹುಡುಕಿ ಗೋಡೆಗೆ ಸಿಕ್ಕಿಸಿ, ಅಲ್ಲೇ ಗೋಡೆಗಂಟಿ ನಿಂತ. ಅಕ್ಕ ಎಮ್ಮೆ ಹಿಂಡಿದಳು, ಹಾಲು ಕಾಯಿಸಲಿಟ್ಟಳು, ಹಿಟ್ಟು ನಾದಲು ಕೂತಳು. ಬಸವಕಲ್ಯಾಣದ ಬಸ್ಸು ಬಂದು ನಿಂತು ಹಾರ್ನ್ ಹೊಡೆದು ಹೋಯಿತು. ಅದೇ ಬಸ್ಸಿನಿಂದ ಇಳಿದ ಶೀತಲ ಕಾಲೇಜಿನ ಚೀಲ ಹೆಗಲಿಗೇರಿಸಿಕೊಂಡು ಒಳಗೆ ಬಂದಳು.

“ಮಾಮಾ, ಇದೇನ್ರಿ ಗೋಡಿಗಿ ನಿಂತೀರಿ? ಎಮ್ಯುಲೇಟರ್ ಅಲ್ಲೇನು ಇದು? ಸೇವ್ ಒತ್ತಿ ಬಂದ್ ಮಾಡ್ರಿ, ಆಟ ಎಲ್ಲೂ ಹೋಗಾಂಗಿಲ್ಲ.”

“ಗೊತ್ತದವ್ವ. ಇರಲಿ ಬಿಡು.”

ಹುಡುಗಿ ವಿಚಿತ್ರವಾಗಿ ನೋಡಿ ಒಳಗೆ ಹೋದಳು. ಅಡುಗೆಮನೆಯಿಂದ ರೊಟ್ಟಿ ಬಡಿಯುವ ಸದ್ದು ಬರುತ್ತಿತ್ತು. ಅಕ್ಕ ಬರುತ್ತಾಳೋ ಇಲ್ಲವೋ ಅವನಿಗೆ ತಿಳಿಯಲಿಲ್ಲ. ಮುಂದಿನ ಬಸ್ಸು ಬೆಳಿಗ್ಗೆಗೇ. ಪರದೆ ಮತ್ತೆ ಮಂಕಾಯಿತು, ಮತ್ತೆ ಮುಟ್ಟಿದ. ರೊಟ್ಟಿಯ ಸದ್ದು ಒಂದು ಗಳಿಗೆ ನಿಂತಿತು.

“ಕಲ್ಲ್ಯಾ, ಆರಿಲ್ಲಲ್ಲೋ?”

“ಆರಿಲ್ಲ ಅಕ್ಕಾ.”

ರೊಟ್ಟಿ ಬಡಿಯುವ ಸದ್ದು ಮತ್ತೆ ಶುರುವಾಯಿತು.