ಬಾವಿಯ ಬದಿಯ ಹಂಚಿನ ಚೂರು

ಬೇಲಿಯ ತಂತಿಗೆ ಸಿಕ್ಕಿಕೊಂಡ ಕಪ್ಪು ಲಂಗವನ್ನು ಜಗ್ಗಿ ಬಿಡಿಸಿಕೊಂಡು ಸ್ತಾಮೆಂಕಾ ಪಕ್ಕದ ಮನೆಯ ಅಂಗಳಕ್ಕೆ ಬಂದೇಬಿಟ್ಟಳು. ಮಿಲೆಂಟಿಯೆಯ ಶವಪೆಟ್ಟಿಗೆಗೆ ಇನ್ನೂ ಮೊಳೆ ಹೊಡೆದಿರಲಿಲ್ಲ. ಪ್ಲಮ್ ಮರದಡಿ ಹಣ್ಣಿನ ಸಾರಾಯಿ ರಾಕಿಯಾ ಹೀರುತ್ತಿದ್ದವರು ಲೋಟ ಕೆಳಗಿಟ್ಟರು. ಬಾವಿ ಯಾರ ಪಾಲೆಂದು ಎಂಟು ವರ್ಷ ಅವನೊಂದಿಗೆ ಗಡಿಯ ಕೇಸಿನಲ್ಲಿ ಬಡಿದಾಡಿದವಳು ಸಾವಿನ ಮನೆಗೂ ಗೇಟು ಬಿಟ್ಟು ಬೇಲಿ ನುಸುಳಿ ಬರುವುದೆಂದರೆ!

“ಚಿಕ್ಕಮ್ಮಾ, ಇವತ್ತಾದ್ರೂ ಗೇಟಲ್ಲಿ ಬರಬಾರ್ದಿತ್ತಾ?” ಸತ್ತವನ ಮಗ ನೆಗೋವನ್ ಸಿಡುಕಿದ. “ಅಪ್ಪ ಹೋದ್ರು ಅಂತ ಜಾಗ ನಿಮ್ಮದಾಗಲ್ಲ.”

“ಬಿಡೋ ಮಾರಾಯ,” ಎಂದ ಮುದುಕ ಬುದಿಮಿರ್. “ಇವರಿಬ್ಬರ ಕೇಸು ಕೇಳೀ ಕೇಳೀ ಜಡ್ಜ್ ಸಾಹೇಬ್ರ ತಲೆಕೂದಲೇ ಉದುರಿಹೋಯ್ತು.”

ಯಾರೋ ನಕ್ಕು, ಕೆಮ್ಮಿದಂತೆ ಮಾಡಿದರು.

ಸ್ತಾಮೆಂಕಾ ನಗಲಿಲ್ಲ. ಮುಷ್ಟಿಯಲ್ಲಿ ಕರವಸ್ತ್ರದ ಪುಟ್ಟ ಗಂಟಿತ್ತು. ಬಾಯಿ ಬಿಟ್ಟರೆ ಬಾವಿ ಕೈತಪ್ಪೀತು, ನೆಗೋವನ್ ಅವನಪ್ಪನಂಥವನಲ್ಲ. ಬಿಡದಿದ್ದರೆ ಈಗ ಮುಚ್ಚಳ ಬೀಳುತ್ತದೆ, ಹೇಳಬೇಕಾದ ಮಾತು ಗಂಟಲಲ್ಲೇ ಉಳಿಯುತ್ತದೆ.

* * *

ಡ್ರೀನಾ ನದಿಯ ದಂಡೆಯ ಆ ಊರಿನಲ್ಲಿ ಗಡಿಕಲ್ಲು ನೆಡುವಾಗ ಅಡಿಯಲ್ಲಿ ಒಡೆದ ಹಂಚು, ಇದ್ದಿಲು ಹೂಳುತ್ತಿದ್ದರು. ಅದಕ್ಕೆ ಸಾಕ್ಷಿ ಎಂದೇ ಹೆಸರು. ಕಲ್ಲನ್ನು ರಾತ್ರೋರಾತ್ರಿ ಸರಿಸುವವರಿಗೆ ಅಡಿಯ ಚೂರಿನ ನೆನಪಿರುವುದಿಲ್ಲ. ಕೆಲವು ವರ್ಷಗಳ ಹಿಂದೆ, ಕೇಸಿನ ಎಂಟನೇ ಬೇಸಿಗೆಯಲ್ಲಿ ನ್ಯಾಯಾಧೀಶರೇ ಸ್ಥಳಕ್ಕೆ ಬಂದು, ಬಾವಿಗೂ ಸ್ತಾಮೆಂಕಾಳ ಮನೆಗೂ ನಡುವೆ ಅಗೆಯಲು ಹೇಳಿದರು. ಚೂರು ಅಲ್ಲಿ ಸಿಕ್ಕರೆ ಬಾವಿ ಮಿಲೆಂಟಿಯೆಯ ಪಾಲು.

“ಗೆಲ್ಲೋನೇ ಅಗೀಬೇಕು,” ಎಂದು ಮಿಲೆಂಟಿಯೆ ಗುದ್ದಲಿ ಕಿತ್ತುಕೊಂಡ. ಮೊಣಕಾಲುದ್ದ ಇಳಿದಾಗ ಕೆಂಪಗೆ ಏನೋ ಕಂಡಿತು. ಬಾವಿಕಟ್ಟೆಯ ಬಳಿ ಹಸುವಿಗೆಂದು ನೀರು ಸೇದುತ್ತಿದ್ದ ಸ್ತಾಮೆಂಕಾಗೂ ಕಂಡಿತು. ಮಿಲೆಂಟಿಯೆ ತಲೆಯೆತ್ತಿ ಅವಳನ್ನು ನೋಡಿದ, ಅವಳ ಕೈಯ ಬಕೆಟ್ ನೋಡಿದ. ಆಮೇಲೆ ತನ್ನ ದೊಡ್ಡ ಬೂಟನ್ನು ಆ ಕೆಂಪಿನ ಮೇಲೆ ಊರಿ ನಿಂತ.

“ಏನಾದ್ರೂ ಸಿಕ್ತೇನ್ರೀ?” ನೆರಳಲ್ಲಿ ಪ್ಲಮ್ ತಿನ್ನುತ್ತಿದ್ದ ನ್ಯಾಯಾಧೀಶರು ಕೇಳಿದರು.

“ಏನೂ ಇಲ್ಲ ಸ್ವಾಮಿ. ಬರೀ ಇರುವೆ.”

ಮಣ್ಣು ಮುಚ್ಚಿ, ಮುಂದಿನ ವಾರ ಕೇಸು ವಾಪಸು ಪಡೆದ. ಅವಳ ಕೋಳಿಗಳನ್ನು ಬೈಯುವುದನ್ನು ಮಾತ್ರ ನಿಲ್ಲಿಸಲಿಲ್ಲ. ಕೃತಜ್ಞತೆ ಹೇಳಿದರೆ ಬಾವಿ ತನ್ನದಲ್ಲವೆಂದು ಒಪ್ಪಿದಂತೆ. ಸ್ತಾಮೆಂಕಾ ಬಾಯಿ ಬಿಡಲಿಲ್ಲ.

* * *

ಅವಳು ಗಂಟು ಬಿಚ್ಚಿ ಹಂಚಿನ ಚೂರನ್ನು ಶವಪೆಟ್ಟಿಗೆಯಲ್ಲಿ ಅವನ ಮಡಿಸಿದ ಕೈಗಳ ಬಳಿ ಇಟ್ಟಳು.

“ಸಾಕ್ಷಿ ಸಿಕ್ಕಿತ್ತು, ಮಿಲೆಂಟಿಯೆ. ನೀನು ತುಳಿದು ಬಚ್ಚಿಟ್ಟೆ. ಆಮೇಲೆ ನಾನೇ ಅಗೆದು ತೆಗೆದೆ. ಇಷ್ಟು ವರ್ಷ ನಾನು ಕುಡಿದಿದ್ದು ನಿನ್ನ ನೀರು. ದೇವರು ನಿನಗೆ ಒಳ್ಳೇದು ಮಾಡ್ಲಿ.”

“ಅಂದ್ರೆ ಬಾವಿ ನಮ್ದಾ?” ಎಂದ ನೆಗೋವನ್.

“ಹೌದು ಮಗಾ, ನಿಮ್ದೇ.”

ಎಲ್ಲರೂ ವಿಧವೆ ಯೆಲಿಸಾವಾಳತ್ತ ನೋಡಿದರು. ಅವಳು ಅಳುತ್ತಲೇ ನಕ್ಕಳು. “ಕೇಸು ಯಾಕೆ ಬಿಟ್ರಿ ಅಂದ್ರೆ, ಕೋರ್ಟಿಗೆ ಬಸ್ಸಲ್ಲಿ ಓಡಾಡಿ ಸೊಂಟ ಹೋಯ್ತು ಕಣೇ ಅಂದ್ರು! ಚಳಿಗಾಲ ಪೂರ್ತಿ ಕೂತ್ಕೊಂಡು ಸೊಂಟಕ್ಕೆ ಎಣ್ಣೆ ತಿಕ್ಕಿದೆ ನಾನು!”

ನೆಗೋವನ್ ಚೂರನ್ನು ದಿಟ್ಟಿಸಿದ. ಅದನ್ನು ಎತ್ತಿಕೊಳ್ಳಲಿಲ್ಲ. ಮುಚ್ಚಳ ಎಳೆದು, ಮೊದಲ ಮೊಳೆಯನ್ನು ತಾನೇ ಹೊಡೆದ.

ಮಣ್ಣು ಕೊಟ್ಟು ಬಂದವರು ಮನೆಯೊಳಗೆ ಹೋಗುವ ಮೊದಲು ಕೈ ತೊಳೆಯಬೇಕು. ಗೇಟಿನ ಬಳಿ ನೀರು, ಟವೆಲು ಇಟ್ಟಿದ್ದರು. ನೆಗೋವನ್ ಅಲ್ಲಿ ನಿಲ್ಲಲಿಲ್ಲ. ಅಂಗಳ ದಾಟಿ, ತಂತಿ ಎತ್ತಿ, ಬಗ್ಗಿ ಆಚೆ ಹೋದ. ಸ್ತಾಮೆಂಕಾ ಹಸುವಿಗೆ ನೀರು ಸೇದುತ್ತಿದ್ದಳು. ಅವನನ್ನು ಕಂಡು ಹಗ್ಗ ಬಿಗಿಯಾಗಿ ಹಿಡಿದು ನಿಂತಳು.

ಅವನು ಮಣ್ಣು ಮೆತ್ತಿದ ಎರಡೂ ಕೈ ಚಾಚಿದ.

“ಹಾಕಿ ಚಿಕ್ಕಮ್ಮ. ನಿಮ್ಮ ಬಾವಿ ನೀರೇ ಹಾಕಿ.”

ಅವಳು ಬಕೆಟ್ ಬಗ್ಗಿಸಿದಳು, ನೀರು ಅವನ ಬೂಟಿನ ಮೇಲೂ ಚೆಲ್ಲಿತು. ಆ ಕಡೆ ಬುದಿಮಿರ್ ಬೇಲಿಯ ತಂತಿ ಎತ್ತಿ ಹಿಡಿದಿದ್ದ. ಮುಂದೆ ಯೆಲಿಸಾವಾ, ಅವಳ ಹಿಂದೆ ಊರವರು, ಒಬ್ಬೊಬ್ಬರೇ ತಲೆ ತಗ್ಗಿಸಿ ಬಾವಿಯತ್ತ ಬರುತ್ತಿದ್ದರು.