ಒಲೆ ಹಚ್ಚುವ ಮೊದಲು

ಕಾರ್ಖಾನೆಯ ಕ್ಯಾಂಟೀನಿನಲ್ಲಿ ಮಾಸ್ಟರ್ ಮೂಗಿಗೆ ಎದುರುಮಾತಿರಲಿಲ್ಲ. ಹಾಲಿನ ಕ್ಯಾನಿನ ಮುಚ್ಚಳ ತೆಗೆದು ಒಮ್ಮೆ ಮೂಸಿ, 'ಇದು ಸಂಜೆವರೆಗೂ ತಾಳಲ್ಲ' ಎಂದರೆ ಸಂಜೆಯೊಳಗೆ ಅದು ಒಡೆದೇ ಒಡೆಯುತ್ತಿತ್ತು. ಮೀನು ತರುವವನಂತೂ ಅವರನ್ನು ಕಂಡರೆ ಬುಟ್ಟಿಯನ್ನು ಹಿಂದಕ್ಕೆ ಎಳೆದುಕೊಳ್ಳುತ್ತಿದ್ದ. ಅಂಥ ಮೂಗು ಕಳೆದ ಚಳಿಗಾಲದ ಜ್ವರದಲ್ಲಿ ಕೈಕೊಟ್ಟಿತ್ತು. ಜ್ವರ ಬಿಟ್ಟರೂ ವಾಸನೆ ವಾಪಸು ಬರಲಿಲ್ಲ. ಬೆಳ್ಳುಳ್ಳಿ ಜಜ್ಜಿ ಮೂಗಿಗೆ ಹಿಡಿದರೂ ಅಷ್ಟೇ, ಸೋಪು ಹಿಡಿದರೂ ಅಷ್ಟೇ.

ಅವರು ಅದನ್ನು ಯಾರ ಹತ್ತಿರವೂ ಬಾಯಿ ಬಿಡಲಿಲ್ಲ. ವಾಸನೆ ತಿಳಿಯದ ಅಡುಗೆಯವನನ್ನು ಯಾರು ಇಟ್ಟುಕೊಳ್ಳುತ್ತಾರೆ? ಉಪ್ಪು, ಹುಳಿ, ಖಾರ ನಾಲಿಗೆಗೆ ತಿಳಿಯುತ್ತಿತ್ತು. ಮಿಕ್ಕಿದ್ದನ್ನು ಎದುರಿಗಿದ್ದವರ ಮುಖ ನೋಡಿ ಅಂದಾಜು ಮಾಡುತ್ತಿದ್ದರು. ಮುಚ್ಚಳ ತೆಗೆದು ಮೂಸುವ ನಾಟಕವನ್ನು ಮಾತ್ರ ಒಂದು ದಿನವೂ ತಪ್ಪಿಸಲಿಲ್ಲ. ಒಮ್ಮೆ ಕೆಟ್ಟ ಮೀನನ್ನು 'ಚೆನ್ನಾಗಿದೆ' ಅಂದುಬಿಟ್ಟಿದ್ದರು. ಮ್ಯಾನೇಜರ್ ನಕ್ಕು, "ಏನ್ ಮಾಸ್ಟರ್, ಮೂಗಿಗೂ ವಯಸ್ಸಾಯ್ತಾ?" ಅಂದಿದ್ದ. ಆ ನಗು ಅವರಿಗೆ ಎಷ್ಟೋ ರಾತ್ರಿ ನಿದ್ದೆ ಕೊಟ್ಟಿರಲಿಲ್ಲ.

ಅಡುಗೆಮನೆ ಇದ್ದದ್ದು ಕಟ್ಟಡದ ಕೆಳಗೆ, ಮೆಟ್ಟಿಲಿಳಿದು ಹೋಗಬೇಕಾದ ಜಾಗದಲ್ಲಿ. ಹೊಸ ಓವನ್ ಕೂರಿಸಲೆಂದು ಎರಡು ದಿನ ಮುಚ್ಚಿದ್ದರು. ಆ ಬೆಳಿಗ್ಗೆ ಬಾಗಿಲು ತೆಗೆದು, ಗ್ಯಾಸಿನ ದೊಡ್ಡ ವಾಲ್ವ್ ತಿರುಗಿಸಿ, ಇನ್ನೇನು ಓವನ್ ಹಚ್ಚಬೇಕು. ಮಧ್ಯಾಹ್ನ ಕಾರ್ಖಾನೆಯ ದೊಡ್ಡವರು ಊಟಕ್ಕೆ ಬರುವವರಿದ್ದರು. ಊಟ ಹಿಡಿಸಿದರೆ ಕ್ಯಾಂಟೀನಿನ ಗುತ್ತಿಗೆ ಉಳಿಯುತ್ತದೆ, ಇಲ್ಲವಾದರೆ ಎಲ್ಲರೂ ಗಂಟುಮೂಟೆ ಕಟ್ಟಬೇಕು. ಮ್ಯಾನೇಜರ್ ಕುದಿಯುವ ಎಣ್ಣೆಯಂತೆ ಚಟಪಟ ಅನ್ನುತ್ತಿದ್ದ.

"ಹಚ್ಚಬೇಡಿ," ಎಂದಳು ಮಾಸ್ಟರ್ ಮಗಳು. "ಗ್ಯಾಸ್ ವಾಸನೆ ಬರ್ತಿದೆ."

ಅವಳೂ ಅದೇ ಅಡುಗೆಮನೆಯಲ್ಲಿ ಕೆಲಸಕ್ಕಿದ್ದಳು, ಈಗ ಏಳು ತಿಂಗಳ ಬಸುರಿ. ಕಾಲು ಊದಿಕೊಂಡು ನಿಲ್ಲಲಾಗದೆ, ಓವನ್ ಪಕ್ಕದಲ್ಲೇ ಕುಳ್ಳ ಸ್ಟೂಲ್ ಹಾಕಿಕೊಂಡು ಆಲೂಗಡ್ಡೆ ಹೆಚ್ಚುತ್ತಿದ್ದಳು. ಲೈಟರ್ ಹಿಡಿದು ನಿಂತಿದ್ದವನು ಮಾಸ್ಟರ್ ಸಹಾಯಕ. ಎಲ್ಲದಕ್ಕೂ ಅವಸರ ಮಾಡುತ್ತಿದ್ದುದರಿಂದ ನಲವತ್ತು ದಾಟಿದರೂ ಎಲ್ಲರೂ ಅವನನ್ನು ಗಡಿಬಿಡಿ ಎಂದೇ ಕರೆಯುತ್ತಿದ್ದರು. ಅವನು ನಿಂತಲ್ಲೇ ಮೂಗರಳಿಸಿ ನೋಡಿದ.

"ನಂಗೇನೂ ಬರ್ತಿಲ್ವಲ್ಲಕ್ಕಾ."

"ನಂಗೂ ಇಲ್ಲ," ಎಂದ ಮ್ಯಾನೇಜರ್. "ಬಸುರಿ ಮೂಗು ಅಲ್ವಾ, ಗೋಡೆನೂ ನಾರುತ್ತೆ. ನನ್ನ ಹೆಂಡ್ತಿಗೆ ಒಂಬತ್ತು ತಿಂಗಳೂ ನಾನೇ ನಾರ್ತಿದ್ದೆ!"

ಗಡಿಬಿಡಿ ಕಿಸಕ್ಕನೆ ನಕ್ಕ. ಅವಳು ನಗಲಿಲ್ಲ.

"ಓವನ್ ಹಿಂದಿನ ತಗಡು ಬಿಚ್ಚಿ ಪೈಪಿನ ಜಾಯಿಂಟ್ ನೋಡಿ ಸರ್."

"ಫಿಟ್ಟರ್ ಎಲ್ಲಾ ನೋಡೇ ಹೋಗಿದಾನೆ. ಈಗ ಬಿಚ್ಚಿ ಹರಡಿಕೊಂಡು ಕೂತ್ರೆ ಬಂದವರಿಗೆ ಹಸಿ ಆಲೂಗಡ್ಡೆ ಕೊಡ್ತೀಯಾ?" ಅವನು ದನಿ ತಗ್ಗಿಸಿದ. "ನೋಡಮ್ಮಾ, ನೀನು ಸುಳ್ಳು ಹೇಳ್ತಿದೀಯ ಅಂತಲ್ಲ. ನಿನ್ನ ಪಾಲಿಗೆ ವಾಸನೆ ಇದೆ, ನಮ್ಮ ಪಾಲಿಗೆ ಇಲ್ಲ. ಅವರವರದು ಅವರವರಿಗೆ ನಿಜ."

"ಗ್ಯಾಸಿಗೆ ಅದೆಲ್ಲ ಗೊತ್ತಿರಲ್ಲ ಸರ್."

"ಸರಿ, ವಾದ ಬೇಡ. ವಾಸನೆ ಬರ್ತಿರೋರು ಕೈ ಎತ್ತಿ."

ಗ್ಯಾಸು ಸೋರುತ್ತಿದೆಯೋ ಇಲ್ಲವೋ ಎನ್ನುವುದಕ್ಕೆ ಓಟು! ಇಂಥ ಬುದ್ಧಿವಂತರಿಗೆ ಯಾವ ಕಾಲದಲ್ಲೂ ಬರವಿಲ್ಲ. ಮೇಲೆದ್ದದ್ದು ಒಂದೇ ಕೈ, ಅದೂ ಚಾಕು ಹಿಡಿದದ್ದು. ಅವಳು ತಂದೆಯ ಕಡೆ ತಿರುಗಿದಳು.

"ಅಪ್ಪಾ, ನೀನಾದ್ರೂ ಹೇಳು."

ಮಾಸ್ಟರ್ ಮೂಗು ತುಂಬ ಗಾಳಿ ಎಳೆದುಕೊಂಡರು. ಏನೂ ಇಲ್ಲ. ಇದ್ದರೂ ಏನೂ ಇಲ್ಲ, ಇಲ್ಲದಿದ್ದರೂ ಏನೂ ಇಲ್ಲ. ಹೌದು ಅಂದು, ಓವನ್ ಬಿಚ್ಚಿಸಿ, ಕೊನೆಗೆ ಏನೂ ಸಿಗದಿದ್ದರೆ? ಊಟವೂ ಕೆಟ್ಟು, ಆ ಮೀನಿನ ಸಂಗತಿಯೂ ಮತ್ತೆ ಮೇಲೆ ಬಂದು, ಮೂಗಿನ ಗುಟ್ಟು ರಟ್ಟಾಗುತ್ತದೆ. ಮೊಮ್ಮಗು ಬರುವ ಹೊತ್ತಿಗೆ ತಾತ ಕೆಲಸ ಕಳೆದುಕೊಂಡು ಮನೆಯಲ್ಲಿ ಕೂತಿರುತ್ತಾನೆ.

"ಇಲ್ಲ ಕಣಮ್ಮಾ," ಎಂದರು. "ನಂಗೂ ಬರ್ತಿಲ್ಲ."

ಆ ಮಾತು ಸುಳ್ಳಲ್ಲ, ಅದೇ ಅದರ ಕೆಟ್ಟತನ. ಮಗಳು ಅವರನ್ನೇ ಒಂದು ಗಳಿಗೆ ನೋಡಿದಳು. ಆ ನೋಟದಲ್ಲಿ ಸಿಟ್ಟಿಗಿಂತ ಬೇರೇನೋ ಇತ್ತು. ಮಾಸ್ಟರ್ ಕಣ್ಣು ತಪ್ಪಿಸಿದರು.

"ಮುಗೀತಲ್ಲ," ಎಂದ ಮ್ಯಾನೇಜರ್. "ಹೆದರಿಕೆ ಆದ್ರೆ ನೀನು ಹೊರಗೆ ಹೋಗಿ ಕೂತ್ಕೋಮ್ಮಾ. ಯಾರೂ ಬೇಡ ಅನ್ನಲ್ಲ."

"ಅಪ್ಪ ಇಲ್ಲೇ ಇದಾರಲ್ಲ. ನಾನೂ ಇಲ್ಲೇ ಇರ್ತೀನಿ."

ಅವಳು ಹಾಗೇ ಕೂತು ಇನ್ನೊಂದು ಆಲೂಗಡ್ಡೆ ಕೈಗೆತ್ತಿಕೊಂಡಳು. ಮಾಸ್ಟರ್ ಆ ಕೈಯನ್ನು ನೋಡಿದರು. ಆಮೇಲೆ ಅವಳ ಸ್ಟೂಲನ್ನು ನೋಡಿದರು. ಎಷ್ಟು ಕುಳ್ಳಗಿದೆ! ನಾವೆಲ್ಲ ನಿಂತಿದ್ದೇವೆ, ನೆಲದ ಹತ್ತಿರ ಇರುವವಳು ಅವಳೊಬ್ಬಳೇ. ಗ್ಯಾಸು ಹೊಗೆಯ ಹಾಗೆ ಮೇಲೇರುವುದಿಲ್ಲ, ಚೆಲ್ಲಿದ ನೀರಿನ ಹಾಗೆ ನೆಲ ಹಿಡಿದು ಹರಡುತ್ತದೆ. ಅವಳಿಗೆ ಅದನ್ನು ಹೇಳಿಕೊಟ್ಟವರೇ ಅವರು.

ಗಡಿಬಿಡಿ ಓವನ್ ಮುಂದೆ ಬಗ್ಗಿದ.

"ನಿಲ್ಲೋ!" ಮಾಸ್ಟರ್ ಕಿರುಚಿದರು. "ಬರ್ತಿದೆ! ನಂಗೂ ವಾಸನೆ ಬರ್ತಿದೆ!"

"ಈಗಷ್ಟೇ ಇಲ್ಲ ಅಂದ್ರಿ," ಎಂದ ಮ್ಯಾನೇಜರ್. "ಮಗಳ ಮುಖ ನೋಡಿ ಬಂತಾ ವಾಸನೆ? ಸಾಕು ಮಾಸ್ಟರ್. ಹಚ್ಚಯ್ಯಾ ನೀನು."

ಗಡಿಬಿಡಿಯ ಹೆಬ್ಬೆರಳು ಲೈಟರಿನ ಗುಂಡಿಯ ಮೇಲಿತ್ತು. ಮಾಸ್ಟರ್ ಅಷ್ಟು ದೂರವನ್ನು ಹೇಗೆ ದಾಟಿದರೋ ಅವರಿಗೇ ಗೊತ್ತಾಗಲಿಲ್ಲ. ಅವನ ಮುಂಗೈ ಹಿಡಿದು ತಿರುಚಿ ಲೈಟರನ್ನು ಕಿತ್ತುಕೊಂಡರು.

"ನಂಗೆ ಯಾವ ವಾಸನೆನೂ ಬರಲ್ಲ!" ಎಂದರು ಅವರು. "ಚಳಿಗಾಲದಿಂದ ಬರ್ತಿಲ್ಲ. ಇಷ್ಟು ದಿನ ಮೂಸಿದ್ದೆಲ್ಲ ನಾಟಕ. ನಾನು ಇಲ್ಲ ಅಂದಿದ್ದಕ್ಕೆ ಕಾಸಿನ ಬೆಲೆ ಇಲ್ಲ. ವಾಲ್ವ್ ಮುಚ್ಚಿ, ಬಾಗಿಲು ತೆಗೀರಿ. ಸ್ವಿಚ್ ಮುಟ್ಟಬೇಡಿ!"

ಮೊದಲು ಎದ್ದವಳು ಮಗಳು. ವಾಲ್ವ್ ಮುಚ್ಚಿದ್ದೂ ಅವಳೇ.

ಬಾಗಿಲು ಕಿಟಕಿಯೆಲ್ಲ ತೆರೆದು, ರಟ್ಟಿನ ತುಂಡುಗಳಿಂದ ನೆಲದ ಗಾಳಿಯನ್ನು ಬೀಸಿ ಬೀಸಿ ಮೆಟ್ಟಿಲ ಕಡೆ ದೂಡಿದರು. ಬಹಳ ಹೊತ್ತು ಬಿಟ್ಟು ಗಡಿಬಿಡಿ ಓವನ್ ಹಿಂದಿನ ತಗಡು ಬಿಚ್ಚಿದ. ಮಾಸ್ಟರ್ ಬಟ್ಟಲಿನಲ್ಲಿ ಸೋಪಿನ ನೊರೆ ಕಲಸಿ, ಜಾಯಿಂಟಿಗೆ ಬಳಿದು, "ಒಂಚೂರು ತಿರುಗಿಸು," ಎಂದರು. ಮಗಳು ವಾಲ್ವನ್ನು ಕೂದಲೆಳೆಯಷ್ಟು ತಿರುಗಿಸಿದಳು.

ನೊರೆ ಸುಮ್ಮನೆ ಕೂತಿತ್ತು. ಮ್ಯಾನೇಜರ್ ಗಡಿಯಾರ ನೋಡಿ, ಏನೋ ಹೇಳಲು ಬಾಯಿ ತೆರೆದ. ಅಷ್ಟರಲ್ಲಿ ಜಾಯಿಂಟಿನ ಅಡಿಯಲ್ಲಿ ಬಟಾಣಿಯಷ್ಟು ಒಂದು ಗುಳ್ಳೆ ಎದ್ದಿತು. ಅದು ನಿಂಬೆಯಷ್ಟಾಗಿ ಒಡೆಯಿತು. ಅದರ ಹಿಂದೆಯೇ ಇನ್ನೊಂದು, ಮತ್ತೊಂದು. ಯಾರ ಮೂಗನ್ನೂ ಕೇಳದೆ, ಯಾರು ಕೈ ಎತ್ತಿದರು ಎಂದು ನೋಡದೆ ಗುಳ್ಳೆಗಳು ಏಳುತ್ತಲೇ ಇದ್ದವು.

"ಮುಚ್ಚಮ್ಮಾ," ಎಂದರು ಮಾಸ್ಟರ್.

"ನಂಗೂ ಆಗ್ಲೇ ಒಂಚೂರು ಬಂದಂಗಿತ್ತು," ಎಂದ ಗಡಿಬಿಡಿ.

"ನಂಗೂ ಅನುಮಾನ ಇತ್ತು, ಅದಕ್ಕೇ ಕೇಳಿದ್ದು," ಎಂದ ಮ್ಯಾನೇಜರ್. ಅವನ ಅಂಗಿ ಬೆನ್ನಿಗೆ ಅಂಟಿಕೊಂಡಿತ್ತು. ಫಿಟ್ಟರಿಗೆ ಫೋನ್ ಮಾಡಲು ಮೆಟ್ಟಿಲು ಹತ್ತುತ್ತಾ ನಿಂತು, "ಮೂಗಿನ ವಿಷಯ ಆಮೇಲೆ ಮಾತಾಡೋಣ ಮಾಸ್ಟರ್," ಎಂದ. ಆ ಮಾತಿನ ಅರ್ಥ ಮಾಸ್ಟರಿಗೆ ಚೆನ್ನಾಗಿಯೇ ಗೊತ್ತಿತ್ತು.

ಅಪ್ಪ ಮಗಳು ಹೊರಗೆ ಮೆಟ್ಟಿಲ ಮೇಲೆ ಕೂತರು. ಮಾಸ್ಟರಿಗೆ ಅವಳ ಮುಖ ನೋಡುವ ಧೈರ್ಯ ಇರಲಿಲ್ಲ.

"ನಂಗೆ ಗೊತ್ತಿತ್ತಪ್ಪಾ," ಎಂದಳು ಅವಳು. "ಹಾಲು ಹೊತ್ತಿ ತಳ ಹಿಡಿದಾಗ ನೀನು ಪಕ್ಕದಲ್ಲೇ ನಿಂತು ಹಾಡು ಗುನುಗ್ತಿದ್ದೆ. ಅವತ್ತಿಂದ ನೀನು ಮೂಸಿದ್ದನ್ನೆಲ್ಲ ನಾನೂ ಒಂದ್ಸಲ ಮೂಸಿ ನೋಡ್ತಿದ್ದೆ. ಆ ಮೀನಿನ ದಿನ ನಾನು ರಜಾ."

ಮಾಸ್ಟರ್ ಬೆಪ್ಪಾದರು. "ಗೊತ್ತಿದ್ದೂ ಎಲ್ಲರ ಮುಂದೆ ನನ್ನ ಯಾಕೆ ಕೇಳ್ದೆ?"

"ಮಗಳು ಹೇಳ್ತಿದಾಳಲ್ಲ, ನಿಜ ಇರ್ಬೇಕು ಅಂತೀಯೇನೋ ಅಂದ್ಕೊಂಡೆ." ಅವಳು ಹೊಟ್ಟೆಯ ಮೇಲೆ ಕೈಯಿಟ್ಟುಕೊಂಡಳು. "ಇಲ್ಲ ಅಂದ್ಬಿಟ್ಟೆ."

ಆಮೇಲೆ ಏನೇ ಮಾಡಿರಲಿ, ಇಲ್ಲ ಅಂದದ್ದಂತೂ ಅಂದದ್ದೇ. ಒಳಗೆ ಗಡಿಬಿಡಿ ರಟ್ಟು ಬೀಸುವ ಸದ್ದು ಕೇಳುತ್ತಿತ್ತು.

"ಇನ್ನೂ ಬರ್ತಿದೆಯೇನಮ್ಮಾ ವಾಸನೆ?" ಎಂದು ಕೇಳಿದರು ಮಾಸ್ಟರ್.

ಅವಳು ಬಾಗಿಲ ಕಡೆ ತಿರುಗಿ, ಬಗ್ಗಿ, ನಿಧಾನವಾಗಿ ಉಸಿರೆಳೆದಳು.

"ಇಲ್ಲಪ್ಪಾ. ಹೋಯ್ತು."

"ಹಾಗಾದ್ರೆ ಹೋಗಿದೆ," ಎಂದು ಮಾಸ್ಟರ್ ಎದ್ದರು. ಒಮ್ಮೆಯೂ ಮೂಸದೆ ಮೆಟ್ಟಿಲಿಳಿದು ಒಳಗೆ ಹೋದರು.