ಆದೇಶ ಮುಗಿಯುವವರೆಗೆ ಕೂರದ ಹೊಂಬಳ ವಕೀಲರು

ನ್ಯಾಯಮೂರ್ತಿಗಳು ಆದೇಶದ ಕೊನೆಯ ಪದವನ್ನು ಹೇಳಿ ಬರೆಸುವವರೆಗೆ ಹೊಂಬಳ ವಕೀಲರು ಕೂರುವುದಿಲ್ಲ. ಮಂಡಿನೋವಿಗೆ ಎಡಕ್ಕೆ ವಾಲಿದ ದೇಹ, ಬಣ್ಣಗೆಟ್ಟ ಕರಿಕೋಟು, ನಡುಗುವ ಬಲಗೈಯನ್ನು ಸದಾ ಬಚ್ಚಿಟ್ಟುಕೊಂಡಿರುವ ಗೌನು. ಧಾರವಾಡದ ಹೈಕೋರ್ಟಿನ ಕಿರಿಯ ವಕೀಲರು ಅವರನ್ನು ಕರೆಯುವುದೇ 'ಕಂಬದ ಕಾಕಾ' ಎಂದು.

ಅವರ ಕಕ್ಷಿದಾರಳಾದ ಅಕ್ಷತಾಳಿಗೆ ಆ ನಡುಗುವ ಕೈಯನ್ನು ಕಂಡಾಗಲೇ ಇವರಿಂದಾದೀತೇ ಎನಿಸಿತ್ತು. ಎರಡೇ ದಿನಕ್ಕೆಂದು ಗಂಡ ಗದಗಿನ ತನ್ನ ತಾಯಿಯ ಮನೆಗೆ ಒಯ್ದ ಎರಡು ವರ್ಷದ ಮಗಳು ಇಪ್ಪತ್ತೆರಡು ದಿನವಾದರೂ ಮರಳಿರಲಿಲ್ಲ. ಅಕ್ರಮವಾಗಿ ಹಿಡಿದಿಟ್ಟವರನ್ನು ಕೋರ್ಟಿನ ಮುಂದೆ ತರಿಸುವ ಹೇಬಿಯಸ್ ಕಾರ್ಪಸ್ ಅರ್ಜಿ ಹಾಕಿದರೆ ಕೂಸು ಬೇಗ ಸಿಗುತ್ತದೆಂದು ಯಾರೋ ಅಂದದ್ದನ್ನು ನಂಬಿ ಅವಳೇ ಹಠ ಹಿಡಿದಿದ್ದಳು. ಇಂದು ಪೀಠ, ತಂದೆಯ ಬಳಿ ಇರುವ ಮಗುವನ್ನು ಅಕ್ರಮ ಬಂಧನದಲ್ಲಿದೆ ಎನ್ನಲಾಗದು, ಕಾರಣ ಬರೆಸಿ ವಜಾ ಮಾಡೋಣವೇ ಎಂದು ಕೇಳಿತ್ತು.

ವಕೀಲರು ಹಿಂದಿನ ಬೆಂಚಿಗೆ ಬಾಗಿದರು. "ತಂಗಿ, ಅರ್ಜಿ ಹಿಂದಕ್ಕ ತಗೊಳ್ಳೂಣು."

"ಅಂದ್ರ ಸೋತಂಗ ಅಲ್ರೀ?"

"ಕಾರಣ ಬರಸಿದ್ರ ಆ ಕಾಗದಾನ ನಿನ್ನ ಗಂಡ ಕೌಟುಂಬಿಕ ನ್ಯಾಯಾಲಯದಾಗ ಎತ್ತಿ ಹಿಡೀತಾನ. ಹಿಂದಕ್ಕ ತಗೊಂಡ್ರ ಅಲ್ಲಿ ಹೊಸದಾಗಿ ಕೇಳಬೌದು."

"ಅಷ್ಟರಾಗ ಕೂಸು ನನ್ನ ಮರತ್ರ?"

ವಕೀಲರ ಕೈ ಗೌನಿನೊಳಕ್ಕೆ ಇನ್ನಷ್ಟು ಸರಿಯಿತು. ಅವಳು ಆಗಲೆಂದು ತಲೆಯಾಡಿಸಿದಳು. ವಕೀಲರು ಪೀಠಕ್ಕೆ ಹಾಗೆಂದೇ ಅರಿಕೆ ಮಾಡಿದರು.

"ಅರ್ಜಿ ಹಿಂಪಡೆದ ಕಾರಣ ವಜಾ ಮಾಡಲಾಗಿದೆ" ಎಂದು ಬರೆಸಿ ಹಿರಿಯ ನ್ಯಾಯಮೂರ್ತಿಗಳು ಮುಂದಿನ ಕಡತಕ್ಕೆ ಕೈಚಾಚಿದರು. ಮುಂದಿನ ಪ್ರಕರಣದ ಸಂಖ್ಯೆಯನ್ನೂ ಕೂಗಿಯಾಯಿತು.

"ಮುಗೀತು, ಕೂಡ್ರಿ ಕಾಕಾ. ಕಂಬಕ್ಕೂ ಕಾಲು ನೋಯ್ತಾವು" ಎಂದ ಎದುರುಪಕ್ಷದ ಹುಡುಗ ವಕೀಲ.

ಅವರು ಕೂರಲಿಲ್ಲ. ಬೆಳಿಗ್ಗೆ ಕೋರ್ಟಿನ ಪಡಸಾಲೆಯಲ್ಲಿ ಅಕ್ಷತಾಳಿಗೆ ಅವರು ಹೇಳಿದ್ದರು: ಪ್ರಾಯದಲ್ಲೊಮ್ಮೆ ಒಬ್ಬಾಕೆಯ ದಾವೆಯನ್ನು ಹಿಂಪಡೆದು, ಆದೇಶ ಪೂರ್ತಿ ಕೇಳದೆ ಚಹಾಕ್ಕೆ ಹೋಗಿದ್ದರಂತೆ, ಮತ್ತೆ ದಾವೆ ಹೂಡುವ ಅನುಮತಿ ಅದರಲ್ಲಿ ಇರಲೇ ಇಲ್ಲ, ಆಕೆಗೆ ಮತ್ತೆಲ್ಲೂ ಕೇಳುವ ದಾರಿ ಉಳಿಯಲಿಲ್ಲ. "ಆಕಿ ನನಗ ಬೈಲಿಲ್ಲ ತಂಗಿ. ಬೈದಿದ್ರ ಅದು ಅಲ್ಲಿಗೇ ಮುಗೀತಿತ್ತು, ನಾನೂ ಎಲ್ಲಾರಂಗ ಕೂಡ್ತಿದ್ದೆ."

"ಇನ್ನೇನು ವಕೀಲರೇ?" ಅವರು ನಿಂತೇ ಇದ್ದುದನ್ನು ಕಂಡು ಹಿರಿಯ ನ್ಯಾಯಮೂರ್ತಿಗಳು ಕೇಳಿದರು.

"ಇನ್ನೊಂದು ಮಾತು ಉಳಿದೈತ್ರಿ, ಮಹಾಸ್ವಾಮಿ. ಬೇರೆ ಕಡೆ ಕೇಳೂ ಅನುಮತಿ."

ಅಕ್ಷತಾ ಮುಷ್ಟಿಯಲ್ಲಿದ್ದ ಮಗಳ ಪುಟ್ಟ ಕಾಲ್ಚೀಲವನ್ನು ಉಗುರು ನಾಟುವಂತೆ ಹಿಡಿದಳು. ನ್ಯಾಯಮೂರ್ತಿಗಳು ಕನ್ನಡಕ ತೆಗೆದರು, ಮತ್ತೆ ಹಾಕಿಕೊಂಡರು. "ಮಗುವಿನ ಸುಪರ್ದಿಗಾಗಿ ಕಾನೂನಿನ ಇತರ ಪರಿಹಾರಗಳನ್ನು ಪಡೆಯಲು ಅರ್ಜಿದಾರಳಿಗೆ ಸ್ವಾತಂತ್ರ್ಯವಿದೆ. ಪ್ರಕರಣದ ಗುಣಾವಗುಣಗಳ ಬಗ್ಗೆ ಪೀಠ ಏನನ್ನೂ ಹೇಳಿಲ್ಲ" ಎಂದು ಆದೇಶಕ್ಕೆ ಸೇರಿಸಿದರು.

ಸ್ಟೆನೋಳ ಬೆರಳು ನಿಂತ ಮೇಲೆ ಹೊಂಬಳ ವಕೀಲರು ಕೂತರು.

ಮೆಟ್ಟಿಲಿಳಿಯುವಾಗಲೂ ಅಕ್ಷತಾಳ ಕಂಕುಳು ಬರಿದಾಗಿಯೇ ಇತ್ತು. "ನಾಳೆ ಹನ್ನೊಂದಕ್ಕ ಕೌಟುಂಬಿಕ ನ್ಯಾಯಾಲಯದಾಗ ಅರ್ಜಿ ಹಾಕೂಣು" ಎಂದರು ವಕೀಲರು.

"ನೀವು ಬರ್ತೀರಲ್ರೀ?"

"ನಿಲ್ಲಾಕರ ಬರ್ತೀನಿ."

ಧೀರರು ನ್ಯಾಯಾಲಯಗಳಲ್ಲಿ ಬೇಕಾದಷ್ಟು ಸಿಗುತ್ತಾರೆ. ವಾದ ಮುಗಿಸಿ, ಗೌನು ಬೀಸುತ್ತ ಹೊರಟುಬಿಡುತ್ತಾರೆ. ಒಮ್ಮೆ ತಪ್ಪಿ, ಆ ತಪ್ಪಿನ ಅಂಜಿಕೆಯನ್ನೇ ಬಾಳಿಡೀ ಹೊತ್ತವರು ಬೇರೆಯೇ ಜಾತಿ. ಕೂಸನ್ನು ಯಾರದಾದರೂ ಕೈಗೆ ಕೊಡಲೇಬೇಕಾಗಿ ಬಂದರೆ ಇಂಥವರ ಕೈಗೇ ಕೊಡಬೇಕು. ಆ ಕೈ ನಡುಗುತ್ತದೆ, ಆದರೆ ಹಿಡಿತ ಬಿಡುವುದಿಲ್ಲ.